ಸಮುದ್ರದಾಚೆಯ ಆಡಿನ ಬಾಲ

"ಸಮುದ್ರ ದಾಟಿ ಬಂದ ಆಡಿನ ಮಾಂಸ ತಿಂದ ಮೇಲೆ ಊರಿನ ಆಡು ನನ್ನ ನಾಲಿಗೆಗೆ ಹುಲ್ಲಿನ ಹಾಗೆ ಸಪ್ಪೆ!" ಎಂದು ಹೊನ್ನಗುಡಿಯ ಅರಸ ರಣಕೇಸರಿ ತುಂಬಿದ ಸಭೆಯಲ್ಲಿ ಹೇಳಿಕೊಂಡ. "ಇಂಥ ನಾಲಿಗೆ ಈ ಸೀಮೆಯಲ್ಲಿ ಇನ್ಯಾರಿಗಿದೆ?"

ಯಾರಿಗೂ ಇಲ್ಲವೆಂದು ಸಭೆ ಒಪ್ಪಿತು.

ಅರಸನಿಗೆ ಈ ರುಚಿ ಹತ್ತಿಸಿದವನು ವ್ಯಾಪಾರಿ ಪದ್ಮಾಕರ. ತಲೆ, ಚರ್ಮ ತೆಗೆದು ಉಪ್ಪು ಸವರಿದ ಇಡೀ ಇಡೀ ಆಡುಗಳನ್ನು ಅವನು ತಿಂಗಳಿಗೊಮ್ಮೆ ಹಡಗಿನಲ್ಲಿ ತರಿಸುತ್ತಿದ್ದ. ಅರಸ ತಿಂದನೆಂದು ಊರೂ ಅದನ್ನೇ ಕೇಳತೊಡಗಿತು. ಊರಿನ ಆಡು ಕೊಳ್ಳುವವರು ಕಡಿಮೆಯಾದರು.

"ಹಾಗಾದರೆ ಊರಿನ ಆಡು ಮೇಯಲು ಅಷ್ಟು ದೊಡ್ಡ ಗುಡ್ಡವೇಕೆ ಪ್ರಭು?" ಪದ್ಮಾಕರ ಮೆಲ್ಲಗೆ ಕೇಳಿದ. "ನನಗೆ ಕೊಟ್ಟರೆ ಮಾಂಸದ ಉಗ್ರಾಣ ಕಟ್ಟಿಸುತ್ತೇನೆ."

"ಕೊಟ್ಟೆ! ಆಡು ಕಾಯುವವರು ಮೂರು ದಿನದಲ್ಲಿ ಗುಡ್ಡ ಬಿಡಲಿ."

ಸುದ್ದಿ ಕೇಳಿ, ಆಡು ಕಾಯುವ ದುರುಗವ್ವ ಗುಡ್ಡದಿಂದ ನೇರವಾಗಿ ಅಚ್ಚಣ್ಣನ ಮನೆಗೆ ಇಳಿದು ಬಂದಳು. ಅಚ್ಚಣ್ಣ ಅರಸನನ್ನು ನಗಿಸಿ ಸಂಬಳ ಪಡೆಯುವ ಆಸ್ಥಾನಿಕ.

"ಮೂವತ್ತು ಆಡು ಕಟ್ಟಿಕೊಂಡು ನಾನು ಎಲ್ಲಿಗೆ ಹೋಗಲಿ ಅಚ್ಚಣ್ಣಾ? ನಿನ್ನ ಹಿತ್ತಲಲ್ಲಿ ಮೇಯಿಸಲಾ?"

"ಬೇಡವ್ವಾ, ಅಲ್ಲಿ ನನ್ನ ಹೆಂಡತಿಯ ಬಸಳೆ ಚಪ್ಪರ ಇದೆ. ಆಡಿಗಿಂತ ಮೊದಲು ಅವಳು ನನ್ನನ್ನು ಓಡಿಸ್ತಾಳೆ. ತಾಳು, ಸಂತೆ ನೋಡಿಕೊಂಡು ಬರ್ತೀನಿ."

ಸಂತೆಯಲ್ಲಿ ಬುಡನ್ ಸಾಬರ ಮಾಂಸದಂಗಡಿಯ ಮುಂದೆ ಒಂದು ನಾಯಿ ಮುಖ ತಿರುಗಿಸಿಕೊಂಡು ಮಲಗಿತ್ತು.

"ಇದಕ್ಕೇನಾಯ್ತು ಸಾಬರೇ?"

"ಬಾಲ ಸಿಗ್ತಾ ಇಲ್ಲ. ನನ್ನ ಮೇಲೆ ಮುನಿಸು."

ಚರ್ಮ ಸುಲಿದ ಮೇಲೆ ಆಡು ಯಾವುದು, ಕುರಿ ಯಾವುದು ಎಂದು ಕೊಳ್ಳುವವರಿಗೆ ತಿಳಿಯುವುದು ಕಷ್ಟ. ಅದಕ್ಕೆ ಹೊನ್ನಗುಡಿಯ ಅಂಗಡಿಗಳಲ್ಲಿ ಬಾಲವನ್ನು ಮಾತ್ರ ಕೂದಲ ಸಮೇತ ಉಳಿಸುತ್ತಿದ್ದರು. ಬಾಲ ಮೋಟಾಗಿ ನಿಮಿರಿದ್ದರೆ ಆಡು, ಉದ್ದಕ್ಕೆ ಜೋತುಬಿದ್ದಿದ್ದರೆ ಕುರಿ. ಮಾಂಸವೆಲ್ಲ ಮಾರಿದ ಮೇಲೆ ಬಾಲ ನಾಯಿಯ ಪಾಲು.

"ಈಗ ಆ ಬಾಲಗಳು ಎಲ್ಲಿಗೆ ಹೋಗ್ತವೆ?"

"ಪದ್ಮಾಕರನ ಆಳು ಬಂದು ಕೊಂಡುಕೊಂಡು ಹೋಗ್ತಾನೆ. ಯಾಕೆ ಅಂದ್ರೆ ಹೇಳೋದಿಲ್ಲ. ಆಡಿನ ಬೆಲೆ ಇಳೀತಾ ಇದೆ, ಬಾಲದ ಬೆಲೆ ಏರ್ತಾ ಇದೆ. ಇಂಥ ಸಂತೆಯನ್ನ ನಮ್ಮಪ್ಪನೂ ಕಂಡವನಲ್ಲ."

ಅಚ್ಚಣ್ಣ ಬಗ್ಗಿ ನಾಯಿಯ ತಲೆ ಸವರಿದ. "ಊರಿಗೆಲ್ಲ ಮೊದಲು ತಿಳಿದದ್ದು ನಿನಗೇ ಕಣೋ."

ಮರುದಿನ ಸಭೆಯಲ್ಲಿ ಅವನು ಕೈಮುಗಿದು ನಿಂತ. "ಪ್ರಭು, ಒಂದು ಸಂದೇಹ. ಆ ಸಮುದ್ರದಾಚೆಯ ಆಡುಗಳ ಬಣ್ಣ ಯಾವುದು? ನಮ್ಮವುಗಳ ಹಾಗೆ ಕಪ್ಪೇ?"

ಹೊನ್ನಗುಡಿಯಲ್ಲಿ ಕಪ್ಪಲ್ಲದ ಆಡೇ ಇರಲಿಲ್ಲ. ಪದ್ಮಾಕರ ಮೂಗು ಮುರಿದ.

"ಗುಡ್ಡದ ಕರಿ ಆಡುಗಳಿಗೆ ಹೋಲಿಸುತ್ತೀರಾ? ಶಂಖದಂಥ ಬಿಳುಪು! ಹುಡುಕಿದರೂ ಒಂದು ಕಪ್ಪು ಕೂದಲಿಲ್ಲ."

"ಬಾಲವೂ?"

"ಬಾಲವೇ ಎಲ್ಲಕ್ಕಿಂತ ಬಿಳುಪು!" ಬಡಾಯಿಯ ಭರದಲ್ಲಿ ಪದ್ಮಾಕರನ ಬಾಯಿ ಜಾರಿತು.

ಅರಸನಿಗೆ ಖುಷಿಯಾಯಿತು. "ಭಲೆ! ನಾಳೆ ಬಾಲದ ಸಮೇತ ಒಂದನ್ನು ಇಲ್ಲಿಗೆ ತಾ. ಕಣ್ಣಾರೆ ನೋಡಬೇಕು."

ಸದ್ಯಕ್ಕೆ ಶಂಖದಷ್ಟು ಬಿಳುಪಾದದ್ದು ಪದ್ಮಾಕರನ ಮುಖ.

ಮೂರನೆಯ ದಿನ ದುರುಗವ್ವ ಗಂಟುಮೂಟೆ ಕಟ್ಟಿಕೊಂಡೇ ಅರಮನೆಗೆ ಬಂದು ಕಂಬದ ಪಕ್ಕ ಕುಳಿತಳು. ಇಬ್ಬರು ಆಳುಗಳು ಹಲಗೆಯ ಮೇಲೆ ಮಾಂಸವನ್ನು ಹೊತ್ತು ತಂದರು. ಹಿಂಭಾಗದಲ್ಲಿ ಬೆಳ್ಳಗೆ ಹೊಳೆಯುವ ಮೋಟು ಬಾಲ.

"ಆಹಾ!" ಎಂದು ಅರಸ ಅದನ್ನು ಸವರಿದ; ಸಂತೋಷದಿಂದ ಮೀಸೆಯನ್ನೂ ಸವರಿಕೊಂಡ.

ಸಭೆಯೆಲ್ಲ ಅವನ ಮುಖವನ್ನೇ ನೋಡಿತು. ಅರಸನ ಬಲಮೀಸೆ ಬೆಳ್ಳಗಾಗಿತ್ತು.

"ಯಾಕೆ ಎಲ್ಲರೂ ಹೀಗೆ ನೋಡುತ್ತಿದ್ದೀರಿ?"

"ಏನಿಲ್ಲ ಪ್ರಭು," ಎಂದ ಅಚ್ಚಣ್ಣ. "ಆ ಆಡಿನ ಬಿಳುಪು ಧಾರಾಳ ಬುದ್ಧಿಯದು. ಮುಟ್ಟಿದವರಿಗೂ ಒಂದಿಷ್ಟು ಕೊಡುತ್ತದೆ."

ಅರಸ ಅಂಗೈ ನೋಡಿಕೊಂಡ. ಸುಣ್ಣ! ಸಿಟ್ಟಿನಿಂದ ಬಾಲ ಹಿಡಿದು ಜಗ್ಗಿದ. ಪಟ್ಟೆಂದು ದಾರ ಹರಿದು ಬಾಲ ಕೈಗೇ ಬಂತು. ಸುಣ್ಣ ಉದುರಿದ ಕಡೆ ಕಪ್ಪು ಕೂದಲು ಕಂಡಿತು.

"ಅಯ್ಯೋ, ನಮ್ಮ ಗುಡ್ಡದ ಆಡಿನ ಬಾಲ!" ದುರುಗವ್ವ ಎದ್ದು ಪದ್ಮಾಕರನ ಕಡೆ ತಿರುಗಿದಳು. "ಗಂಡಸಾಗಿ ಹೊಲಿಗೆ ಕಲಿತೆ, ಸರಿ. ಗಂಟು ಹಾಕೋದನ್ನಾದರೂ ಕಲೀಬಾರದಿತ್ತೇನಪ್ಪಾ?"

ಪದ್ಮಾಕರ ಅರಸನ ಕಾಲಿಗೆ ಬಿದ್ದ. "ತಪ್ಪಾಯ್ತು ಪ್ರಭು. ಬರುವುದೆಲ್ಲ ಮುದಿ ಕುರಿ. ಬಾಲ ಮಾತ್ರ ಇಲ್ಲಿಯದು."

"ಹಾಗಾದರೆ," ಅರಸ ನಿಧಾನವಾಗಿ ಕೇಳಿದ, "ಇಷ್ಟು ದಿನ ನಾನು ಹೊಗಳಿ ಹೊಗಳಿ ತಿಂದದ್ದು?"

ಅಚ್ಚಣ್ಣ ಮುಂದೆ ಬಂದು ಕೈಮುಗಿದ.

"ಪ್ರಭು, ಹಡಗು ಹತ್ತುವಾಗ ಅದು ಮುದಿ ಕುರಿ. ಬಂದರಿನಲ್ಲಿ ಇಳಿಯುವಾಗ ಎಳೆ ಆಡು. ಸಂತೆಗೆ ಬಂದಾಗ ಬಾಲ ಬಂತು. ತಮ್ಮ ತಟ್ಟೆ ಮುಟ್ಟುವಷ್ಟರಲ್ಲಿ ಅಮೃತವಾಯಿತು. ನಾನು ಇಪ್ಪತ್ತು ವರ್ಷದಿಂದ ಇದೇ ಆಸ್ಥಾನದಲ್ಲಿದ್ದೇನೆ, ಇಷ್ಟು ಬೇಗ ಬಡ್ತಿ ಪಡೆದವರನ್ನು ಕಂಡಿಲ್ಲ!"

ಅರಸನ ಬಿಳಿಮೀಸೆ ಮೊದಲು ನಡುಗಿತು, ಆಮೇಲೆ ಕರಿಮೀಸೆ. ಕೊನೆಗೆ ಹೊಟ್ಟೆ ಹಿಡಿದುಕೊಂಡು ನಕ್ಕ. ಇನ್ನು ಮುಂದೆ ಪದ್ಮಾಕರ ಸಂತೆಯಲ್ಲಿ ತಾನೇ ನಿಂತು ಕುರಿಯನ್ನು ಕುರಿಯೆಂದೇ ಕೂಗಿ ಮಾರಬೇಕೆಂದು ಆಜ್ಞೆಯಾಯಿತು. ಅಚ್ಚಣ್ಣನಿಗೆ ಬಡ್ತಿಯೂ ಸಿಕ್ಕಿತು. ಗುಡ್ಡ ಆಡು ಕಾಯುವವರಿಗೇ ಉಳಿಯಿತು.

ವಾರ ಕಳೆದು, ಅದನ್ನು ಬರೆಸಿದ ತಾಮ್ರದ ಶಾಸನವನ್ನು ಅರಸ ತಾನೇ ದುರುಗವ್ವನ ಕೈಗೆ ಕೊಟ್ಟ. ಅದಕ್ಕೆ ಪೋಣಿಸಿದ ತಾಮ್ರದ ಬಳೆಯಲ್ಲಿ ರಾಜಮುದ್ರೆ ತೂಗುತ್ತಿತ್ತು. ಅವಳಿಗೆ ಓದು ಬಾರದು. ಹಿಂದೆ ಮುಂದೆ ತಿರುಗಿಸಿ ನೋಡಿದಳು. ಆಮೇಲೆ ಮುದ್ರೆಯನ್ನು ಬಿಗಿಯಾಗಿ ಹಿಡಿದು ಒಮ್ಮೆ ಜಗ್ಗಿದಳು.

"ಏನವ್ವಾ ಅದು?" ಎಂದ ಅರಸ.

"ಏನಿಲ್ಲ ಬುದ್ಧೀ. ಹುಟ್ಟಿದ್ದೋ ಹೊಲಿದದ್ದೋ ಅಂತ ನೋಡಿದೆ."