ದುಭಾಷಿಗೆ ತಿಳಿಯದ ಪದ

ಮಠದ ಶಾಲೆಯಲ್ಲಿ ಇಂಗ್ಲಿಷ್ ಕಲಿಸುತ್ತಿದ್ದ ಶಿಷ್ಯ ಮಡಿವಾಳಯ್ಯ ಗುರುಗಳನ್ನು ಕೇಳಿದ: "ಬುದ್ಧಿ, ಅಪರೂಪದ ಇಂಗ್ಲಿಷ್ ಪದಗಳ ಅರ್ಥ, ಉಚ್ಚಾರಣೆ ಎರಡನ್ನೂ ಕಷ್ಟಪಟ್ಟು ಕಲಿತಿದ್ದೇನೆ. ಆದರೂ ಮಕ್ಕಳು ಒಮ್ಮೊಮ್ಮೆ ನನಗೆ ತಿಳಿಯದ ಪದ ತಂದು ಕೇಳುತ್ತಾರೆ. ಊಹಿಸಿ ಏನೋ ಒಂದು ಹೇಳಿಬಿಡುತ್ತೇನೆ. ಗೊತ್ತಿಲ್ಲ ಎಂದರೆ ಮೇಷ್ಟ್ರ ಮರ್ಯಾದೆ ಏನಾದೀತು?"

ಗುರುಗಳು ನಕ್ಕು ಒಂದು ಕತೆ ಹೇಳಿದರು.

ಬ್ರಿಟಿಷರ ಕಾಲದ ಒಂದು ಕೋರ್ಟಿನಲ್ಲಿ ಒಬ್ಬ ದುಭಾಷಿಯಿದ್ದ. ಎಂಥ ಇಂಗ್ಲಿಷ್ ಅವನದು! ಅವನ ಉಚ್ಚಾರಣೆ ಕೇಳಲೆಂದೇ ವಕೀಲರು ಬೇರೆ ಕೆಲಸ ಬಿಟ್ಟು ಬಂದು ಬಾಗಿಲಲ್ಲಿ ನಿಲ್ಲುತ್ತಿದ್ದರು. ದುಭಾಷಿ ಹೇಳಿದ್ದೇ ಪ್ರಶ್ನೆ, ಅವನು ಹೇಳಿದ್ದೇ ಉತ್ತರ. ನಡುವೆ ಇನ್ನೊಬ್ಬರು ಬಾಯಿ ಹಾಕುವಂತಿರಲಿಲ್ಲ.

ಒಂದು ದಿನ ಕೊಲೆಯ ಆರೋಪ ಹೊತ್ತ ಕುರುಬನನ್ನು ಕರೆತಂದರು. ಜಡ್ಜ್ ದೊರೆ ಕೇಳಿದ: ಹೊಡೆದ ಏಟು 'ಪ್ರಿಪೆನ್ಸ್' ಆಗಿತ್ತೇ?

ಆ ಪದವನ್ನು ಎಲ್ಲಿ ಒತ್ತಿ ನುಡಿಯಬೇಕೆಂಬುದು ದುಭಾಷಿಗೆ ಚೆನ್ನಾಗಿ ಗೊತ್ತಿತ್ತು. ಅರ್ಥ ಮಾತ್ರ ನೆನಪಾಗಲಿಲ್ಲ. 'ಸಿಟ್ಟಿನಿಂದ' ಎಂದಿರಬಹುದೇ? ಹಾಗೇ ಕೇಳಿಬಿಡೋಣವೇ? ಯಾರಿಗೂ ತಿಳಿಯುವುದಿಲ್ಲ. ಅವನು ಕುರುಬನ ಮುಖ ನೋಡಿದ.

"ಕ್ಷಮಿಸಬೇಕು ದೊರೆಗಳೇ, ಈ ಪದದ ಅರ್ಥ ನನಗೆ ಗೊತ್ತಿಲ್ಲ" ಎಂದ.

ಬಾಗಿಲಲ್ಲಿದ್ದವರು ಕಿಸಕ್ಕನೆ ನಕ್ಕರು. ನಾಚಿಕೆಯಿಂದ ಅವನು ಹಿಡಿಯಷ್ಟಾದ. ಆದರೂ ಕಿವಿಗೊಟ್ಟು ನಿಂತ. ದೊರೆ ಬಿಡಿಸಿ ಹೇಳಿದ: ಹೊಡೆಯಬೇಕೆಂದು ಮೊದಲೇ ಮನಸ್ಸು ಮಾಡಿಕೊಂಡು ಹೋಗಿದ್ದನೇ ಎಂದು. ದುಭಾಷಿ ಅದನ್ನೇ ಕನ್ನಡದಲ್ಲಿ ಕೇಳಿದ.

"ಇಲ್ಲ ಸ್ವಾಮಿ! ನನ್ ಕುರಿ ಎತ್ಕೊಂಡು ಓಡ್ತಿದ್ದ. ಸಿಟ್ಟು ನೆತ್ತಿಗೇರ್ತು, ಕೈಲಿದ್ದ ದೊಣ್ಣೆ ಬೀಸ್‌ಬಿಟ್ಟೆ."

ಕುರುಬನಿಗೆ ಜೈಲಾಯಿತು, ನೇಣು ತಪ್ಪಿತು. ಸಿಟ್ಟಿನಿಂದ ಹೊಡೆದೆಯಾ ಎಂದು ಕೇಳಿದ್ದರೆ ಆ ಬಡಪಾಯಿ ಹೌದು ಎನ್ನುತ್ತಿದ್ದ. ಮೊದಲೇ ಮನಸ್ಸು ಮಾಡಿದ್ದೆ ಎಂದೇ ದೊರೆಗೆ ಕೇಳಿಸುತ್ತಿದ್ದ ಆ ಒಂದು ಹೌದಿಗೆ ಅವನ ಕೊರಳು ಹೋಗುತ್ತಿತ್ತು. ಅಷ್ಟು ಜನರೆದುರು ಬಾಯಿಬಿಟ್ಟು ಗೊತ್ತಿಲ್ಲ ಎಂದ ಆ ದುಭಾಷಿಯ ಎದೆಗಾರಿಕೆಗೆ ಕೈಮುಗಿಯಬೇಕು.

ಮಡಿವಾಳಯ್ಯ ಮೆಲ್ಲನೆ ಕೇಳಿದ: "ಆಮೇಲೆ ಅವನ ಮಾತನ್ನು ಯಾರಾದರೂ ನಂಬಿದರೇ, ಬುದ್ಧಿ?"

"ಗೊತ್ತಿಲ್ಲದ್ದನ್ನು ಗೊತ್ತಿಲ್ಲ ಎಂದವನನ್ನು ನಂಬದೆ ಏನು? ಒಮ್ಮೆಯೂ ಗೊತ್ತಿಲ್ಲ ಎನ್ನದ ನಿನ್ನ ಪಾಠದಲ್ಲಿ ಅರ್ಥ ಯಾವುದು, ಊಹೆ ಯಾವುದು ಎಂದು ಆ ಮಕ್ಕಳಿಗೆ ಹೇಗೆ ತಿಳಿಯಬೇಕಪ್ಪಾ?"