ಕರಡಿ ಬಿದ್ದುಕೊಂಡಿದ್ದ ಮುನ್ನೂರು ಚಿತ್ರ

“ಗುರುಗಳೇ, ನಗೆಪಾಟಲಿಗೆ ಈಡಾದವನು ಮತ್ತೆ ಜನರ ಎದುರು ಹೋಗುವುದು ಹೇಗೆ?” ಎಂದು ಶಿಷ್ಯ ಕೇಳಿದ. ಮೂರು ದಿನದ ಹಿಂದೆ ಅವನು ಊಟದ ಪಂಕ್ತಿಯ ನಡುವೆ ಪಾಯಸದ ಪಾತ್ರೆ ಸಮೇತ ಜಾರಿ ಬಿದ್ದಿದ್ದ. ಅಂದಿನಿಂದ ಕೋಣೆಯಿಂದ ಹೊರಬಂದಿರಲಿಲ್ಲ. ಈಗ ಮಠವನ್ನೇ ಬಿಡಲು ಗಂಟು ಕಟ್ಟಿಕೊಂಡು ಬಂದಿದ್ದ.

ಗುರುಗಳು ಉತ್ಸಾಹದಿಂದ ಮುಂದಕ್ಕೆ ಸರಿದು ಕೂತರು.

“ಹೊರಡುವ ಮುಂಚೆ ಒಂದು ಕತೆ ಕೇಳು. ನಾನೇ ಕಣ್ಣಾರೆ ಕಂಡದ್ದು. ಆಗ ನಾನಿನ್ನೂ ಹುಟ್ಟಿರಲಿಲ್ಲ, ಅದು ಬೇರೆ ವಿಷಯ.

“ಸಿನಿಮಾಕ್ಕೆ ಮಾತು ಬರುವ ಮುಂಚಿನ ಕಾಲ. ಒಬ್ಬ ಚಿತ್ರಕಾರ ಟೋಪಿ ಹಾಕಿದ ಕರಡಿಯೊಂದನ್ನು ಸಾವಿರಾರು ಹಾಳೆಗಳಲ್ಲಿ ಬರೆದು, ಒಂದೊಂದು ಚಿತ್ರವನ್ನೂ ಕ್ಯಾಮೆರಾದಲ್ಲಿ ಹಿಡಿದು, ಅದು ಪರದೆಯ ಮೇಲೆ ಓಡಾಡುವ ಹಾಗೆ ಮಾಡಿದ. ಕರಡಿ ಬಾಳೆಹಣ್ಣಿನ ಸಿಪ್ಪೆಯ ಮೇಲೆ ಕಾಲಿಟ್ಟಿತು, ಜಾರಿತು, ಏಣಿ ಹಿಡಿಯಿತು, ಏಣಿ ಸಮೇತ ಉರುಳಿತು, ಮೇಲಿಂದ ಬಿದ್ದ ಪಿಯಾನೋದ ಅಡಿ ಸಿಕ್ಕಿ ರೊಟ್ಟಿಯಂತೆ ಚಪ್ಪಟೆಯಾಯಿತು. ಆಮೇಲೆ ಮುನ್ನೂರು ಚಿತ್ರಗಳಷ್ಟು ಹೊತ್ತು ಬಿದ್ದೇ ಇತ್ತು. ನರಳಿತು, ಕಣ್ಣೀರು ಹಾಕಿತು. ಒಂದೊಂದು ಹನಿಯನ್ನೂ ಚಿತ್ರಕಾರ ಶ್ರದ್ಧೆಯಿಂದ ಬರೆದಿದ್ದ.

“ಯಾರೂ ನಗಲಿಲ್ಲ. ನನ್ನ ಪಕ್ಕದ ಮುದುಕಿ, ‘ಅಯ್ಯೋ, ಯಾರಾದರೂ ಅದಕ್ಕೆ ನೀರು ಕೊಡ್ರಪ್ಪಾ’ ಅಂದಳು.

“ಥಿಯೇಟರಿನ ಮಾಲೀಕ ಚಿತ್ರಕಾರನನ್ನು ಕರೆದು, ‘ನಾಳೆ ಇನ್ನೊಂದು ಆಟ ಕೊಡ್ತೀನಿ. ನಾಳೆಯೂ ಜನರನ್ನು ಹೀಗೆ ಅಳಿಸಿದರೆ ನಿನ್ನನ್ನೂ ನಿನ್ನ ಕರಡಿಯನ್ನೂ ಒಟ್ಟಿಗೇ ಆಚೆ ಹಾಕ್ತೀನಿ’ ಅಂದ.

“ಒಂದು ದಿನದಲ್ಲಿ ಹೊಸದಾಗಿ ಏನು ಬರೆದಾನು? ಚಿತ್ರಕಾರ ಕತ್ತರಿ ಹುಡುಕಿಕೊಂಡು ಹೋದ.

“ಮರುದಿನವೂ ಕರಡಿ ಜಾರಿತು, ಉರುಳಿತು, ಚಪ್ಪಟೆಯಾಯಿತು. ಆದರೆ ಮರುಕ್ಷಣವೇ ಪಟ್ಟನೆ ಎದ್ದು, ಟೋಪಿಯ ಧೂಳು ಕೊಡವಿ, ದೊಡ್ಡ ಮನುಷ್ಯನ ಹಾಗೆ ನಡೆದುಹೋಯಿತು. ನಕ್ಕ ರಭಸಕ್ಕೆ ನಮ್ಮ ಬೆಂಚೇ ಮುರಿಯಿತು. ಮುದುಕಿ ಬಿದ್ದಳು, ನಾನೂ ಬಿದ್ದೆ. ಅವಳು ಬಿದ್ದಲ್ಲಿಂದಲೇ, ‘ಇನ್ನೊಂದು ಸಲ ಬೀಳಿಸ್ರಪ್ಪಾ’ ಅಂದಳು.

“ಮಾಲೀಕ ಓಡಿಬಂದು, ‘ಏನಯ್ಯಾ ಹೊಸದಾಗಿ ಬರೆದೆ?’ ಎಂದು ಕೇಳಿದ.

“‘ಏನೂ ಇಲ್ಲ ಸ್ವಾಮಿ. ಬಿದ್ದುಕೊಂಡಿದ್ದ ಮುನ್ನೂರನ್ನು ಕತ್ತರಿಸಿ ಎಸೆದೆ.’”

ಶಿಷ್ಯನಿಗೆ ನಗು ಬಂತು. ಕಷ್ಟಪಟ್ಟು ತಡೆದುಕೊಂಡು, “ಆದರೆ ನಾನು ಬಿದ್ದದ್ದನ್ನು ಎಲ್ಲರೂ ನೋಡಿದರಲ್ಲ, ಗುರುಗಳೇ?” ಎಂದ.

“ನೀನು ಬಿದ್ದದ್ದು ಅರೆಗಳಿಗೆ, ಮಗು. ಆಮೇಲಿನ ಮೂರು ದಿನದ ಚಿತ್ರಗಳನ್ನು ಕೂತು ಬರೆದವರು ಯಾರು?”