ಗೌಡನ ವೇಷ

“ತಾಯಿ, ಸಿನಿಮಾ, ಧಾರಾವಾಹಿ, ಅಂಗೈಯಗಲದ ಫೋನಿನೊಳಗಿನ ಕುಣಿತ, ಇವನ್ನೆಲ್ಲ ನೋಡಿ ಜನ ಹೀಗಾಗುತ್ತಾರೋ, ಜನ ಇರುವುದೇ ಹೀಗೆಂದು ಇವು ಹೀಗಿವೆಯೋ?”

ಶಿಷ್ಯ ಆಗಷ್ಟೇ ಪೇಟೆಯಿಂದ ಬಂದಿದ್ದ. ಅಲ್ಲಿ ಇದೇ ವಿಷಯಕ್ಕೆ ಯಾರೊಡನೆಯೋ ಜಗಳ ಕಾದು, ತೀರ್ಪು ಸಿಗದೆ, ಬಿಸಿಬಿಸಿಯಾಗಿಯೇ ಬಂದಿದ್ದ. ಊರೂರು ತಿರುಗಿದ್ದ ಗುರುತಾಯಿ ಅವನನ್ನು ಕೂರಿಸಿ ಕತೆ ಶುರುಮಾಡಿದಳು.

ಒಂದು ಊರಿನಲ್ಲಿ ಒಬ್ಬ ಗೌಡ. ಆ ಊರಿಗೆ ಒಬ್ಬ ಹಗಲುವೇಷಗಾರ ಬಂದ. ದಿನಕ್ಕೊಂದು ವೇಷ ಕಟ್ಟಿ ಬೀದಿಯಲ್ಲಿ ಜನರನ್ನು ನಗಿಸುವುದು ಅವನ ಕಸುಬು. ಊರಿನವರ ವೇಷವನ್ನೇ ಕಟ್ಟುತ್ತಿದ್ದ. ಅದಕ್ಕೊಂದು ಕಟ್ಟಳೆಯಿತ್ತು. ವೇಷ ಒಪ್ಪಿಗೆಯಾದರೆ, ಯಾರ ವೇಷವೋ ಅವರು ತಮ್ಮ ಹೆಗಲ ಶಾಲು ತೆಗೆದು ಅವನಿಗೆ ಹೊದಿಸಬೇಕು. ಶಾಲು ಬಿದ್ದ ಮೇಲೆ ವೇಷ ಆಡಿದ ಮಾತು ಅವರದೇ ಮಾತು. ಒಪ್ಪದಿದ್ದರೆ ಎಲ್ಲರೆದುರು ‘ಇದು ನಾನಲ್ಲ’ ಎನ್ನಬೇಕು. ಆಗ ವೇಷಗಾರ ಬಣ್ಣ ತೊಳೆದು, ಬರಿಗೈಯಲ್ಲಿ ಊರು ಬಿಡಬೇಕು.

ಮೊದಲ ದಿನ ಶ್ಯಾನುಭೋಗನ ವೇಷ. ಮರುದಿನ ಪಂಡಿತನದು. ಮೂರನೆಯ ದಿನ ಎಣ್ಣೆ ವ್ಯಾಪಾರಿಯದು. ಗೌಡನಿಗೆ ಅನ್ನ ಸೇರಲಿಲ್ಲ. ‘ನಾನೇನು ಅಷ್ಟು ಸಪ್ಪೆಯೇ?’ ಎಂದು ಕನ್ನಡಿ ನೋಡಿಕೊಂಡ.

ನಾಲ್ಕನೆಯ ಬೆಳಗ್ಗೆ ಚಾವಡಿಯ ಕಡೆಯಿಂದ ಅವನದೇ ಕೆಮ್ಮು ಕೇಳಿಸಿತು. ಗೌಡ ಎದ್ದುಬಿದ್ದು ಓಡಿದ. ಕಟ್ಟೆಯ ಮೇಲೆ ಅವನೇ ಕೂತಿದ್ದ! ಅದೇ ರುಮಾಲು, ಅದೇ ಮೀಸೆ, ಅದೇ ಬೆಳ್ಳಿಕಟ್ಟಿನ ಕೋಲು. ಊರಿಗೆ ಊರೇ ಹೊಟ್ಟೆ ಹಿಡಿದುಕೊಂಡು ನಗುತ್ತಿತ್ತು. ಗೌಡ ಹಿರಿಹಿರಿ ಹಿಗ್ಗಿದ. ಜನರ ಹಿಂದೆ ನಿಂತು ತಾನೂ ನಕ್ಕ.

ಆಗ ಕೆಳಗೇರಿಯ ಹೆಂಗಸೊಬ್ಬಳು ಖಾಲಿ ಕೊಡ ಹಿಡಿದು ಆ ದಾರಿಯಾಗಿ ಬಂದಳು. ಕೆಳಗೇರಿಯವರು ಊರಬಾವಿ ಮುಟ್ಟುವಂತಿರಲಿಲ್ಲ. ಅಪ್ಪ ಹಾಕಿದ ಆ ಕಟ್ಟನ್ನು ಸಡಿಲಿಸೆಂದು ಕೇಳಿದಾಗ ಗೌಡನೂ ಬೇಡವೆಂದಿದ್ದ. ಅವರು ಹರದಾರಿ ನಡೆದು ಹಳ್ಳದ ನೀರು ತರುತ್ತಿದ್ದರು.

ವೇಷದ ಗೌಡ ಕೆಮ್ಮಿದ. “ಏನವ್ವಾ, ಬಾವಿ ಇಲ್ಲೇ ಇರೋವಾಗ ಹಳ್ಳಕ್ಯಾಕೆ ಹೊಂಟೆ?”

“ನೀವೇ ಬ್ಯಾಡ ಅಂದಿದ್ರಲ್ಲ, ಗೌಡ್ರೇ.”

“ನಾನಾ? ಅವತ್ತು ಹೆಂಡ್ತಿ ಬೈದಿದ್ಲು, ಬಾಯಿ ತಪ್ಪಿ ಏನೋ ಅಂದಿದ್ದೆ. ಹೋಗವ್ವಾ, ಸೇದ್ಕೋ ಹೋಗು!”

ಗೌಡನ ಬಾಯಲ್ಲಿ ಇಂಥ ಮಾತು! ಜನ ಬಿದ್ದುಬಿದ್ದು ನಕ್ಕರು. ವೇಷಗಾರನಿಗೆ ಬೇಕಾಗಿದ್ದದ್ದೂ ಆ ನಗುವೇ. ಹೆಂಗಸು ಮಾತ್ರ ನಗಲಿಲ್ಲ. ನೆಟ್ಟಗೆ ಬಾವಿಗೆ ಹೋಗಿ ಹಗ್ಗ ಬಿಟ್ಟಳು. ರಾಟೆ ಕಿರ್ರೆಂದಿತು. ನಗು ಅರ್ಧಕ್ಕೇ ನಿಂತಿತು. ಕೊಡ ತುಂಬಿಕೊಂಡು ಮೇಲೆ ಬಂತು.

ಎಲ್ಲರೂ ಒಟ್ಟಿಗೆ ಹಿಂದಕ್ಕೆ ತಿರುಗಿದರು. ಗೌಡ ನಿಂತಿದ್ದ. ಮಂದಿ ರೆಪ್ಪೆ ಬಡಿಯಲಿಲ್ಲ; ಇಷ್ಟು ಕಳೆಕಟ್ಟಿದ ಆಟವನ್ನು ಅವರು ಕಂಡೇ ಇರಲಿಲ್ಲ. ಹೆಂಗಸು ಕೊಡ ಸೊಂಟಕ್ಕೇರಿಸಿ ಅಲ್ಲೇ ಕಾದಳು. ‘ಇದು ನಾನಲ್ಲ’ ಎಂದರೆ ಆ ನೀರು ಚೆಲ್ಲಬೇಕು. ಶಾಲು ಬಿದ್ದರೆ ಬಾವಿ ಕೆಳಗೇರಿಗೂ ಸೇರಿತು.

“ಇದು...” ಎಂದ ಗೌಡ.

“ಯಾವ್ದು ನೀವಲ್ಲ, ಗೌಡ್ರೇ?” ಮುದುಕನೊಬ್ಬ ಕಿಚಾಯಿಸಿದ. “ಕೆಮ್ಮಾ? ಮೀಸೇನಾ?”

ಗೌಡ ಯೋಚಿಸಿದ. ಕೆಮ್ಮು ತನ್ನದೇ. ಮೀಸೆ ತನ್ನದೇ. ಕೋಲು ಊರುವ ಠೀವಿಯೂ ತನ್ನದೇ. ತನ್ನದಲ್ಲದ್ದು ಒಂದೇ, ಆ ದೊಡ್ಡ ಮನಸ್ಸು. ಅದನ್ನು ಊರೆದುರು ಬಾಯಿಬಿಟ್ಟು ಹೇಳುವುದು ಹೇಗೆ? ಅದೂ ಅಲ್ಲದೆ, ಈ ನಾಲ್ಕು ದಿನದಲ್ಲಿ ಇಷ್ಟು ಕೇಕೆ ಯಾರ ವೇಷಕ್ಕೂ ಬಿದ್ದಿರಲಿಲ್ಲ.

ಕೈ ಹೆಗಲಿಗೆ ಹೋಯಿತು. ಶಾಲು ವೇಷಗಾರನ ಮೈಮೇಲೆ ಬಿತ್ತು. ಊರು ಸಿಳ್ಳೆ ಹೊಡೆಯಿತು. ಕೆಳಗೇರಿಯಿಂದ ಕೊಡಗಳು ಓಡೋಡಿ ಬಂದವು. ವರ್ಷ ತಿರುಗುವುದರೊಳಗೆ, ಬಾವಿ ಬಿಟ್ಟುಕೊಟ್ಟ ಮಾತು ತನ್ನ ಬಾಯಿಂದಲೇ ಬಂದದ್ದೆಂದು ಗೌಡ ನಂಬಿಯೂಬಿಟ್ಟ.

ಶಿಷ್ಯ ಕೂತಲ್ಲಿಂದ ಎದ್ದೇಬಿಟ್ಟ. “ಗೆದ್ದೆ, ತಾಯಿ! ಪೇಟೆಯಲ್ಲಿ ನಾನು ಗಂಟಲು ಹರಿದುಕೊಂಡದ್ದೂ ಇದಕ್ಕೇ. ಆಟ ಜನರನ್ನು ತಿದ್ದುತ್ತದೆ!”

ಗುರುತಾಯಿ ಹೇಳಿದಳು: “ಮುಂದಿನ ಊರಿನ ಬಾವಿ ಎಲ್ಲರದಾಗಿತ್ತು ಮಗೂ, ಅಲ್ಲಿ ಅದೇ ವೇಷಗಾರ ಆ ಊರ ಗೌಡನ ವೇಷ ಕಟ್ಟಿ, ನಗು ಬರಲೆಂದೇ, ನೀರಿಗೆ ಬಂದ ಕೆಳಗೇರಿಯವಳಿಗೆ ‘ಮುಟ್ಟಬೇಡ’ ಅಂದ, ಅಲ್ಲೂ ಶಾಲು ಬಿತ್ತು.”